ಯಾವ ಹುಸೇನಪ್ಪ?

ಚೆಂಡುಹೂವಿನ ದೊಡ್ಡ ಹಾರವನ್ನು ಎರಡೂ ಕೈಯಲ್ಲಿ ಹಿಡಿದು, ಬಿಕ್ಕುತ್ತಲೇ ಮೆಟ್ಟಿಲು ಹತ್ತಿ ಬಂದ ಎರ್ರಿಸ್ವಾಮಿ, ಬಾಗಿಲು ತೆರೆದವರನ್ನು ನೋಡಿ ಹಾರವನ್ನು ಕಾಲ ಮೇಲೆ ಬೀಳಿಸಿಕೊಂಡ.

"ಸಾಹೇಬ್ರ! ನೀವು..."

"ನಾನೇನಲೇ? ಯಾಕ ಅಳಾಕತ್ತಿ? ಹಾರ ಯಾರಿಗೆ?"

ತಹಸೀಲ್ದಾರ್ ಹುಸೇನಪ್ಪನವರ ಒಂದು ಕೆನ್ನೆಗೆ ಇನ್ನೂ ಸೋಪಿನ ನೊರೆ ಇತ್ತು. ಕೈಯಲ್ಲಿ ರೇಜರು. ಅವರು ನೌಕರಿಯಲ್ಲಿದ್ದಷ್ಟು ಕಾಲವೂ ಸಿರುಗುಪ್ಪದಲ್ಲಿ ಅವರ ಜೀಪು ಓಡಿಸಿದ ಎರ್ರಿಸ್ವಾಮಿ ಸುಳ್ಳು ಹೇಳಲು ಕಲಿತವನಲ್ಲ.

"ನಿಮಗ ತಂದಿದ್ದೆರೀ," ಅಂದುಬಿಟ್ಟ. "ಬಸ್ ಸ್ಟ್ಯಾಂಡಿನಾಗ ಎಲ್ಲಾರ ಮೊಬೈಲಿಗೂ ಬಂದೈತ್ರಿ. ಕೆ. ಹುಸೇನಪ್ಪ ಸಾಹೇಬರು ಇನ್ನಿಲ್ಲ ಅಂತ. ಜನ ಈ ಕಡೀಗೇ ಬರಾಕತ್ಯಾರ."

ಹುಸೇನಪ್ಪನವರಿಗೆ ನಗು ಬರಬೇಕಿತ್ತು. ಈ ಹೆಸರಿನಿಂದ ಅವರ ಬದುಕಿನಲ್ಲಿ ಆಗದ ಅವಾಂತರ ಇರಲಿಲ್ಲ. ಮೊಹರಂನಲ್ಲಿ ಪೀರಲ ದೇವರಿಗೆ ಹರಕೆ ಹೊತ್ತ ಮೇಲೆ ಹುಟ್ಟಿದ ಗಂಡುಮಕ್ಕಳಿಗೆ ಈ ಸೀಮೆಯಲ್ಲಿ ಅದೇ ಹೆಸರು. ಅದರಲ್ಲೂ ಕೆ. ಹುಸೇನಪ್ಪ ಅಂದರೆ ಮೂವರು. ಕಂಪ್ಲಿಯಲ್ಲಿ ಹುಟ್ಟಿ, ನೌಕರಿ ಮುಗಿದ ಮೇಲೆ ಸಿರುಗುಪ್ಪದಲ್ಲೇ ನೆಲೆನಿಂತ ಇವರು ಒಬ್ಬರು. ಕೊಳಗಲ್ಲಿನವರಾಗಿ ಬಳ್ಳಾರಿಯಲ್ಲಿ ಮನೆ ಮಾಡಿಕೊಂಡಿರುವ ನಿವೃತ್ತ ಮೇಜರ್ ಇನ್ನೊಬ್ಬರು. ಮೂರನೆಯವರು ಕುರುಗೋಡಿನ ಸುಬೇದಾರ್. ಒಬ್ಬರಿಗೆ ಬಂದ ಮದುವೆಯ ಕರೆ ಇನ್ನೊಬ್ಬರಿಗೆ, ಒಬ್ಬರ ಮೇಲಿನ ದೂರು ಇನ್ನೊಬ್ಬರಿಗೆ.

ಆದರೆ ನಗು ಬರಲಿಲ್ಲ. ಸತ್ತದ್ದು ತಾನಲ್ಲ ಅಂದರೆ ಉಳಿದ ಇಬ್ಬರಲ್ಲಿ ಒಬ್ಬರು.

ರೇಜರನ್ನು ಎರ್ರಿಸ್ವಾಮಿಯ ಕೈಗೆ ಕೊಟ್ಟು ಫೋನಿಗೆ ಓಡಿದರು. ಮೇಜರರ ನಂಬರು ಬ್ಯುಸಿ. ಮತ್ತೆ ಒತ್ತಿದರು. ಬ್ಯುಸಿ. ನೊರೆ ಇಳಿದು ಕೊರಳ ತನಕ ಬಂತು. ಮೂರನೆಯ ಸಲ ಒತ್ತುವ ಮೊದಲು ಫೋನೇ ಬಡಿದುಕೊಂಡಿತು.

"ಹಲೋ! ಯಾರ್ರೀ?"

"ಹುಸೇನಪ್ಪ."

"ಯಾವ ಹುಸೇನಪ್ಪ?"

"ನಾನ್ರೀ, ಬಳ್ಳಾರಿ. ಆಗಿಂದ ಹಚ್ಚಾಕತ್ತೀನಿ, ನಿಮ್ಮ ನಂಬರ್ ಸಿಗವಲ್ದು. ನೀವು..."

"ನಾ ಅದೀನ್ರೀ ಮೇಜರ್ ಸಾಹೇಬ್ರ! ಗಟ್ಟಿ ಅದೀನಿ! ನಾನೂ ನಿಮಗ ಹಚ್ಚಾಕತ್ತಿದ್ದೆ."

ಇಬ್ಬರೂ ಒಟ್ಟಿಗೇ ನಕ್ಕರು. ಜೋರಾಗಿ, ಕಣ್ಣಲ್ಲಿ ನೀರು ಬರುವ ಹಾಗೆ. ಆ ನಗು ನಡುವಿನಲ್ಲೇ ನಿಂತಿತು.

"ಹಂಗಾದ್ರ..." ಅಂದರು ತಹಸೀಲ್ದಾರರು.

"ಹೂಂ," ಅಂದರು ಮೇಜರ್. "ಅಂವಾ ನಮ್ಮಿಬ್ಬರಿಗಿಂತ ಸಣ್ಣಾಂವ್ರೀ."

* * *

ಸುಬೇದಾರ್ ಹುಸೇನಪ್ಪ ಅವರಿಬ್ಬರ ಬದುಕಿನೊಳಗೆ ಬಂದದ್ದೇ ತಪ್ಪಿ.

ಆ ವರ್ಷ ತುಂಗಭದ್ರೆ ದಡ ಮೀರಿತ್ತು. ಸಿರುಗುಪ್ಪದ ಕೆಳಗೆ, ನದಿಯ ಪಕ್ಕದ ಗದ್ದೆಗೆ ನಾಟಿ ಹಚ್ಚಲು ಸಿರಿಗೇರಿಯಿಂದ ಬಂದಿದ್ದ ಹೆಣ್ಣಾಳುಗಳು ಒಂದು ದಿಬ್ಬದ ಮೇಲೆ ಸಿಕ್ಕಿಬಿದ್ದಿದ್ದರು. ಅತ್ತಿತ್ತ ಎರಡೂ ಕಡೆ ಕೆಂಪು ನೀರು. ಮಧ್ಯಾಹ್ನವಾಗುವ ಹೊತ್ತಿಗೆ ದಿಬ್ಬ ಅಂಗಳದಷ್ಟಾಗಿತ್ತು. ದಡದಲ್ಲಿ ಗಂಡಸರು ಬಾಯಿ ಬಡಿದುಕೊಳ್ಳುತ್ತಿದ್ದರು. ಬಳ್ಳಾರಿಯಿಂದ ಹೊರಟ ದೋಣಿ ದಾರಿಯ ಹಳ್ಳದಾಚೆ ನಿಂತಿತ್ತು.

ತಹಸೀಲ್ದಾರ್ ಹುಸೇನಪ್ಪ ಕಚೇರಿಗೆ ಫೋನು ಮಾಡಿ ಕೂಗಿದ್ದರು: "ಮಿಲಿಟರಿ ಹುಸೇನಪ್ಪ ಇದಾರಲ್ಲ, ಕೆ. ಹುಸೇನಪ್ಪ, ಅವ್ರನ್ನ ಹಿಡೀರಿ! ಅವ್ರು ಒಂದು ಮಾತು ಹೇಳಿದ್ರ ಸೇನೆಯೋರು ಬರ್ತಾರ!"

ಸ್ವಲ್ಪ ಹೊತ್ತಿಗೆ ಕೆಸರು ಹಾರಿಸುತ್ತ ಒಂದು ಬೈಕು ಬಂತು. ಲುಂಗಿ ಎತ್ತಿ ಕಟ್ಟಿದ, ತಲೆಗೆ ಟವೆಲ್ ಸುತ್ತಿದ ಒಬ್ಬ ಇಳಿದ.

"ಹುಸೇನಪ್ಪ ರೀ. ಕರೆಸಿದ್ರಂತಲ್ಲ?"

"ಮೇಜರ್ ಹುಸೇನಪ್ಪ?"

"ಅಲ್ರೀ, ಹವಾಲ್ದಾರ್. ಕುರುಗೋಡು. ರಜಾಕ್ಕ ಬಂದೀನಿ."

ತಹಸೀಲ್ದಾರರು ಹಣೆ ಹಿಡಿದುಕೊಂಡರು. "ಅಯ್ಯೋ, ನೀವು ತಪ್ಪಿ ಬಂದೀರಪ್ಪ! ನಾ ಕರೆಸಿದ್ದು ಬ್ಯಾರೆಯವ್ರನ್ನ."

ಆಗಿನ್ನೂ ಸುಬೇದಾರ್ ಆಗಿರದ ಹವಾಲ್ದಾರ್ ನೀರಿನ ಕಡೆ ನೋಡಿದ. ದಿಬ್ಬದ ಮೇಲೆ ಒಬ್ಬಳು ಸೆರಗು ಬೀಸುತ್ತಿದ್ದಳು.

"ಬಂದಾಗೈತಲ್ರೀ," ಅಂದ. "ಹರಗೋಲು ಎಲ್ಲೈತಿ?"

ಹರಗೋಲು ಇತ್ತು. ಅದನ್ನು ಆ ಸೆಳವಿಗೆ ಇಳಿಸಲು ಯಾವ ಅಂಬಿಗನೂ ಒಪ್ಪಿರಲಿಲ್ಲ. ಹವಾಲ್ದಾರ್ ತನ್ನ ಸೊಂಟಕ್ಕೆ ಹಗ್ಗ ಕಟ್ಟಿ, ಇನ್ನೊಂದು ತುದಿಯನ್ನು ಟ್ರಾಕ್ಟರಿಗೆ ಕಟ್ಟಿಸಿದ. ಟ್ರಾಕ್ಟರು ಕೆಸರಿನಲ್ಲಿ ಜಾರತೊಡಗಿದಾಗ ತಹಸೀಲ್ದಾರರು, ಎರ್ರಿಸ್ವಾಮಿ, ಊರವರು ಎಲ್ಲರೂ ಹಗ್ಗಕ್ಕೆ ಕೈ ಹಾಕಿದರು. ಹರಗೋಲು ಗಿರಗಿರನೆ ತಿರುಗುತ್ತ ನಡುನೀರಿಗೆ ಹೋಯಿತು. ಹಗ್ಗ ಅಂಗೈಯ ಚರ್ಮ ಕಿತ್ತುಕೊಂಡು ಓಡಿತು.

"ಅಂಜಿಕಿ ಆಗಾಕತ್ತೈತೇನ್ರೀ?" ಎಂದು ತಹಸೀಲ್ದಾರರು ಕೂಗಿದರು. ಯಾಕೆ ಹಾಗೆ ಕೇಳಿದರೋ ಅವರಿಗೇ ತಿಳಿಯದು.

"ಭಾಳ ಆಗಾಕತ್ತೈತ್ರೀ!" ಎಂದು ನೀರಿನ ನಡುವಿನಿಂದ ಉತ್ತರ ಬಂತು. "ನೀವು ಹಗ್ಗ ಬಿಟ್ರ ನಾ ಸೀದಾ ಮಂತ್ರಾಲಯಕ್ಕ!"

ದಡದ ಮೇಲೆ ಅಳುತ್ತಿದ್ದವರು ನಕ್ಕುಬಿಟ್ಟರು. ನಗುತ್ತಲೇ ಎಳೆದರು.

ಹುಡುಗಿಯರು ಮೊದಲು ಬಂದರು, ಆಮೇಲೆ ದೊಡ್ಡವರು. ಕೊನೆಗೆ ಉಳಿದವಳು ಫಕೀರಬಿ, ಸೆರಗು ಬೀಸುತ್ತಿದ್ದವಳು. ಎಲ್ಲರನ್ನೂ ಹತ್ತಿಸಿ ತಾನು ನಿಂತಿದ್ದಳು. ಅವಳನ್ನು ಹರಗೋಲಿಗೆ ಎಳೆದುಕೊಳ್ಳುವಾಗ ದಿಬ್ಬದ ಮೇಲೆ ನೀರು ಮೊಣಕಾಲಿಗೆ ಬಂದಿತ್ತು. ದಡ ಮುಟ್ಟಿದ ಮೇಲೆ ಹವಾಲ್ದಾರ್ ಕೆಸರಿನಲ್ಲಿ ಅಂಗಾತ ಮಲಗಿ, ಹಲ್ಲು ಕಟಕಟ ಕಡಿಯುತ್ತ ಚಹಾ ಕೇಳಿದ.

ಮರುದಿನದ ಪತ್ರಿಕೆಯಲ್ಲಿ ಮೇಜರ್ ಹುಸೇನಪ್ಪನವರ ಸಾಹಸ ಎಂದು ಅಚ್ಚಾಯಿತು. ಬಳ್ಳಾರಿಯ ಮನೆಯಲ್ಲಿ ಅದನ್ನು ಓದಿದ ಮೇಜರ್ ಪತ್ರಿಕೆಯವರೊಡನೆ ಜಗಳವಾಡಿದರು, ಆಮೇಲೆ ಸ್ಕೂಟರ್ ಹತ್ತಿ ಕುರುಗೋಡಿಗೆ ಬಂದರು. ತಹಸೀಲ್ದಾರರು ಆಗಲೇ ಅಲ್ಲಿ ಕೂತು, ಹವಾಲ್ದಾರನ ಹೆಂಡತಿ ಈರಮ್ಮ ಬಡಿದ ರೊಟ್ಟಿ ತಿನ್ನುತ್ತಿದ್ದರು. ಅವತ್ತಿನಿಂದ ಮೂವರೂ ಒಂದೇ ಮನೆಯವರ ಹಾಗಾದರು.

* * *

ಕುರುಗೋಡಿಗೆ ಹೊರಟಿದ್ದ ತಹಸೀಲ್ದಾರರ ಕಾರನ್ನು ಸಿರಿಗೇರಿಯ ಬಸ್ ನಿಲ್ದಾಣದಲ್ಲಿ ಕೈ ಅಡ್ಡ ಹಿಡಿದು ನಿಲ್ಲಿಸಿದವಳು ಫಕೀರಬಿಯೇ. ಈಗ ಕೂದಲು ಹಣ್ಣಾಗಿತ್ತು. ಕಿಟಕಿಯಲ್ಲಿ ಬಗ್ಗಿ ನೋಡಿದವಳು ಎದೆಯ ಮೇಲೆ ಕೈ ಇಟ್ಟುಕೊಂಡಳು.

"ಯಾ ಅಲ್ಲಾ! ನೀವು ಅದೀರಲ್ರೀ ತಹಸೀಲ್ದಾರ್ ಸಾಹೇಬ್ರ! ನಾ ನಿಮ್ಮ ಮಣ್ಣಿಗೇ ಹೊಂಟಿದ್ದೆ. ಹಂಗಾದ್ರ ಯಾರು? ಮೇಜರ್ರ?"

ತಹಸೀಲ್ದಾರರು ಅಲ್ಲವೆಂದು ತಲೆ ಆಡಿಸಿದರು. ಫಕೀರಬಿ ಕಾರಿನ ಬಾಗಿಲು ಹಿಡಿದು ಅಲ್ಲೇ ಕುಸಿದಳು. ಎರ್ರಿಸ್ವಾಮಿ ಇಳಿದು ಅವಳನ್ನು ಎತ್ತಿ ಹಿಂದಿನ ಸೀಟಿನಲ್ಲಿ ಕೂರಿಸಿದ.

ಕುರುಗೋಡಿನೊಳಗೆ ಕಾರು ಹೋಗುವಂತಿರಲಿಲ್ಲ. ದೊಡ್ಡಬಸಪ್ಪನ ಗುಡಿಯ ಕಡೆ ತಿರುಗುವ ರಸ್ತೆಯ ತುಂಬ ಜನ. ಹಲಗೆ ವಾದ್ಯದವರು ಬಡಿಯುತ್ತಿದ್ದರು. ಬಳ್ಳಾರಿಯಿಂದ ಮಾಜಿ ಸೈನಿಕರು ಟೋಪಿ ಹಾಕಿಕೊಂಡು ಬಂದಿದ್ದರು. ತಹಸೀಲ್ದಾರರ ಮಣ್ಣು ಕುರುಗೋಡಿನಲ್ಲಿ ಎಂದು ಯಾರೋ ಹೇಳಿದ್ದನ್ನು ನಂಬಿ ಸಿರುಗುಪ್ಪದಿಂದ ಎರಡು ಟೆಂಪೊ ತುಂಬ ರೈತರು ಬಂದಿದ್ದರು. ಹೂವಿನಿಂದ ಮುಚ್ಚಿದ ಟ್ರಾಕ್ಟರಿನ ನೆತ್ತಿಯಿಂದ, ಕೂರಿಸಿದ ಹೆಣ ಕಾಣದ ಹಾಗೆ, ಇಳಿಬಿಟ್ಟ ದೊಡ್ಡದೊಂದು ಬ್ಯಾನರು: 'ವೀರಯೋಧ ಮೇಜರ್ ಕೆ. ಹುಸೇನಪ್ಪ ಅಮರ್ ರಹೇ'. ಕೆಳಗೆ ಮೇಜರರ ಫೋಟೋ. ಸೂಟು, ಮೀಸೆ, ಕಪ್ಪು ಕನ್ನಡಕ.

ಟ್ರಾಕ್ಟರಿನ ಮೇಲೆ ಹತ್ತಿ, ಕತ್ತರಿಯಿಂದ ಆ ಬ್ಯಾನರಿನ ಹಗ್ಗ ಕತ್ತರಿಸಲು ನೋಡುತ್ತಿದ್ದವಳು ಸತ್ತವರ ಮಗಳು ಸುನಂದಾ. ಬಳ್ಳಾರಿಯಲ್ಲಿ ಜೀನ್ಸ್ ಹೊಲಿಯುವ ಕೆಲಸದವಳು. ಕೆಳಗಿನಿಂದ ಅವಳ ಕಾಲು ಹಿಡಿದುಕೊಂಡು ಬೇಡುತ್ತಿದ್ದವನು ಗವಿಸಿದ್ದೇಶ್, ಈರಮ್ಮನ ಅಣ್ಣನ ಮಗ.

"ಸುನಂದಕ್ಕಾ, ಇಳೀ! ನೂರು ಮಂದಿ ನೋಡಾಕತ್ಯಾರ!"

"ನೋಡ್ಲಿ! ಯಾರ ಫೋಟೋ ಇದು? ನಮ್ಮಪ್ಪ ಸತ್ತಾಗೂ ಬ್ಯಾರೆಯವ್ರ ಮಾರಿ ನೋಡಬೇಕೇನು?"

ತಹಸೀಲ್ದಾರರನ್ನು ಕಂಡ ಗವಿಸಿದ್ದೇಶ್ ಅವರ ಕಡೆ ಓಡಿಬಂದ. ಬೆವರಿಗೆ ಅಂಗಿ ಮೈಗೆ ಅಂಟಿತ್ತು.

"ನಿನ್ನೆ ಸಂಜಿ ಸಾಲಿ ಹುಡುಗ್ರನ್ನೆಲ್ಲಾ ಮನಿ ಮುಟ್ಟಿಸಿ ಬಂದು, ಮಾವ ವ್ಯಾನಿನಾಗ ಕುಂತಾವ ಕುಂತಂಗ ಹೋಗಿಬಿಟ್ಟಾನ್ರೀ. ಬ್ಯಾನರ್ ಹೊಡೀರಿ ಅಂತ ಬಳ್ಳಾರಿಗೆ ಫೋನ್ ಮಾಡ್ದೆ. ಕೆ. ಹುಸೇನಪ್ಪ, ಮಿಲಿಟರಿ ಅಂದೆ. ಅವ್ರು ಮೇಜರ್ ಸಾಹೇಬ್ರದು ಹೊಡದು ಕಳಸ್ಯಾರ. ತಿದ್ದೋದರಾಗ ಸುದ್ದಿ ಎಲ್ಲಾ ಕಡೆ ಹೋಗಿಬಿಡ್ತು. ದೊಡ್ಡ ನಾಯಕರೂ ಬರ್ತಾರಂತ, ದಾರ್ಯಾಗ ಅದಾರಂತ!"

"ಅದಕ್ಕ?"

"ಅದಕ್ಕ... ಮಣ್ಣಾಗೋತನ ಸುಮ್ನಿರ್ರಿ ಅಂತ. ಬದುಕಿದ್ದಾಗ ನಮ್ಮ ಮಾವನ್ನ ಒಂದಿನ ಯಾರಾರ ಕೇಳಿದ್ರೇನ್ರೀ? ಇವತ್ತು ನೋಡ್ರಿ, ಊರಿಗೆ ಊರೇ..."

ಅವನ ಮಾತು ಮುಗಿಯಲಿಲ್ಲ. ಗುಂಪಿನ ಆ ಕೊನೆಯಲ್ಲಿ ಒಬ್ಬ ಹೆಂಗಸು ಕಿರುಚಿದಳು. ಜನ ಎರಡು ಪಾಲಾಗಿ ಹಿಂದೆ ಸರಿದರು. ನಡುವಿನಿಂದ, ಬ್ಯಾನರಿನಲ್ಲಿದ್ದ ಅದೇ ಮೀಸೆ, ಅದೇ ಕಪ್ಪು ಕನ್ನಡಕದ ಮನುಷ್ಯ ಕೋಲೂರಿಕೊಂಡು ನಡೆದುಬಂದ.

ಮೇಜರ್ ಟ್ರಾಕ್ಟರಿನ ಮುಂದೆ ನಿಂತು ತಮ್ಮ ಮುಖವನ್ನು ತಾವೇ ನೋಡಿದರು. ಕನ್ನಡಕ ತೆಗೆದರು. ಆಮೇಲೆ ಸುತ್ತಲೂ ನೋಡಿದರು. ಮಕ್ಕಳನ್ನು ಹೆಗಲ ಮೇಲೆ ಕೂರಿಸಿಕೊಂಡವರು, ಮಾಳಿಗೆಯ ಮೇಲೆ ನಿಂತವರು, ಕೈಯಲ್ಲಿ ಹೂ ಹಿಡಿದ ಮುದುಕಿಯರು. ತಮ್ಮ ಸಾವಿಗೆ ಇಷ್ಟು ಜನ ಬಂದಾರು ಎಂದು ಅವರು ಎಂದೂ ಅಂದುಕೊಂಡಿರಲಿಲ್ಲ.

ಗವಿಸಿದ್ದೇಶ್ ಅವರ ಕೈ ಹಿಡಿದುಕೊಂಡ. "ಸಾಹೇಬ್ರ, ಕೈ ಮುಗೀತೀನಿ. ಒಂದು ತಾಸು ಕಾರಿನಾಗ ಕುಂತುಬಿಡ್ರಿ. ಗ್ಲಾಸ್ ಏರಿಸಿಕೊಂಡು. ನೀವು ಬದುಕೀರಿ ಅಂತ ಗೊತ್ತಾದ್ರ ಎಲ್ಲಾರೂ ಹೋಗಿಬಿಡ್ತಾರ!"

* * *

ಸಿರುಗುಪ್ಪದ ಒಂದು ಕಾಲೇಜಿನಲ್ಲಿ ಹಿಂದೊಮ್ಮೆ ಧ್ವಜಾರೋಹಣಕ್ಕೆ ಮೇಜರರನ್ನು ಕರೆದಿದ್ದರು. ಅವರ ಬಸ್ಸು ದಾರಿಯಲ್ಲಿ ಕೆಟ್ಟಿತು. ಅವರು ಸಭಾಂಗಣ ಮುಟ್ಟುವ ಹೊತ್ತಿಗೆ ವೇದಿಕೆಯ ಮೇಲೆ ನಡುವಿನ ಕುರ್ಚಿಯಲ್ಲಿ, ಕೊರಳಿಗೆ ಹಾರ ಹಾಕಿಸಿಕೊಂಡು ಸುಬೇದಾರ್ ಹುಸೇನಪ್ಪ ಕೂತಿದ್ದರು. ಕೈಯಲ್ಲಿ ಹಣ್ಣಿನ ಬುಟ್ಟಿ. ಅವರು ಅಲ್ಲಿಗೆ ಬಂದದ್ದು ಅಣ್ಣನ ಮೊಮ್ಮಗಳನ್ನು ಕಾಲೇಜಿಗೆ ಬಿಡಲು. ಗೇಟಿನಲ್ಲಿ ಹೆಸರು ಕೇಳಿದ್ದರು, ಹೇಳಿದ್ದರು, ಅಷ್ಟೇ.

ಮೇಜರ್ ಹಿಂದಿನ ಬೆಂಚಿನಲ್ಲಿ ಸದ್ದಿಲ್ಲದೆ ಕೂತರು.

ಭಾಷಣಕ್ಕೆ ಎದ್ದ ಸುಬೇದಾರರು ಮೊದಲು ಹಣ್ಣಿನ ಬುಟ್ಟಿಯನ್ನು ಕುರ್ಚಿಯ ಮೇಲಿಟ್ಟರು. ಆಮೇಲೆ ಹೇಳತೊಡಗಿದರು. ಹಿಮದಲ್ಲಿ ಸೇತುವೆ ಕಟ್ಟುವಾಗ ಕಬ್ಬಿಣ ಮುಟ್ಟಿದರೆ ಬೆರಳು ಅಂಟಿಕೊಳ್ಳುವುದು. ರಜೆಯಲ್ಲಿ ಊರಿಗೆ ಬಂದಾಗ ಸ್ವಂತ ಮಗಳೇ ಗುರುತು ಹಿಡಿಯದೆ, 'ಯಾರೋ ಮಾಮಾ ಬಂದಾನವ್ವಾ' ಎಂದು ಒಳಗೆ ಓಡಿದ್ದು. ಹುಡುಗ ಹುಡುಗಿಯರು ಕಾಲು ಅಲುಗಿಸುವುದನ್ನು ಬಿಟ್ಟು ಕೇಳಿದರು. ಕೊನೆಯಲ್ಲಿ ಎದ್ದು ನಿಂತು ಚಪ್ಪಾಳೆ ಹೊಡೆದರು. ಹಿಂದಿನ ಬೆಂಚಿನಲ್ಲಿ ಮೇಜರರೂ ಎದ್ದು ನಿಂತು ಹೊಡೆದರು.

ಹೊರಗೆ ಚಹಾದಂಗಡಿಯಲ್ಲಿ ಕೇಳಿದರು: "ನಾನಲ್ಲ ಅಂತ ಯಾಕ ಹೇಳ್ಲಿಲ್ಲೋ?"

"ಹಾರ ಹಾಕಿಬಿಟ್ಟಿದ್ರು ಸಾಹೇಬ್ರ," ಅಂದರು ಸುಬೇದಾರ್, ಬುಟ್ಟಿಯಿಂದ ಒಂದು ಸೇಬು ತೆಗೆದು ಅವರಿಗೆ ಕೊಡುತ್ತ. "ನಾ ಅಲ್ಲ ಅಂದ್ರ ಅವ್ರಿಗೆ ಬ್ಯಾಸರ ಆಕ್ಕಿತ್ತು. ಖರೇ ಹೇಳಬೇಕಂದ್ರ, ನನಗೂ ಆಕ್ಕಿತ್ತು."

* * *

ಮೇಜರ್ ತಮ್ಮ ಕೈ ಬಿಡಿಸಿಕೊಂಡರು. ಟ್ರಾಕ್ಟರಿನ ಮೇಲಿದ್ದ ಸುನಂದಾಳ ಕಡೆ ನೋಡಿದರು.

"ಏನು ಮಾಡ್ಲಿ ತಾಯಿ? ನಿಮ್ಮಪ್ಪ ಇದ್ದಿದ್ರ, ಇರ್ಲಿ ಬಿಡ್ರಿ ಸಾಹೇಬ್ರ, ಜನಕ್ಕ ಯಾಕ ಬ್ಯಾಸರ, ಅಂತಿದ್ದ."

"ಅಂತಿದ್ದ, ಗೊತ್ತೈತಿ," ಅಂದಳು ಸುನಂದಾ. "ಅಂವಾ ಜೀವನಪೂರ್ತಿ ಇರ್ಲಿ ಬಿಡು ಅಂದ. ನಾ ಅನ್ನಂಗಿಲ್ಲ ದೊಡ್ಡಪ್ಪಾ. ನಮ್ಮಪ್ಪನ್ನ ನಮ್ಮಪ್ಪ ಅಂತ ಹೇಳಿ ಮಣ್ಣಿಗೆ ಕಳಸ್ರಿ. ಹತ್ತು ಮಂದಿ ಉಳದ್ರೂ ಸಾಕು."

"ಮೈಕ್ ಕೊಡು," ಅಂದರು ಮೇಜರ್.

ಗವಿಸಿದ್ದೇಶ್ ಕೊಡಲಿಲ್ಲ. ಎರ್ರಿಸ್ವಾಮಿ ಅವನ ಕೈಯಿಂದ ಕಿತ್ತುಕೊಂಡು ಕೊಟ್ಟ. ಹಲಗೆ ನಿಂತಿತು.

"ನಾನು ಮೇಜರ್ ಹುಸೇನಪ್ಪ," ಅಂದರು ಮೇಜರ್. "ನಾ ಸತ್ತಿಲ್ರಿ."

ಯಾರೋ ನಕ್ಕರು. ಯಾರೋ ಶಿಳ್ಳೆ ಹೊಡೆದರು. ಮಾಜಿ ಸೈನಿಕರೊಬ್ಬರು ಓಡಿಬಂದು ಅವರನ್ನು ತಬ್ಬಿಕೊಂಡರು.

"ಸ್ವಲ್ಪ ತಡೀರಿ. ಇಲ್ಲೇ ನಿಂತಾರ ನೋಡ್ರಿ, ಇವ್ರು ತಹಸೀಲ್ದಾರ್ ಹುಸೇನಪ್ಪ. ಇವ್ರೂ ಅದಾರ. ನಿನ್ನೆ ಹೋದಾಂವ ಸುಬೇದಾರ್ ಹುಸೇನಪ್ಪ. ಇದ ಊರಾಂವ. ಸಾಲಿ ವ್ಯಾನ್ ಓಡಸ್ತಿದ್ದ. ನಮಗಾಗಿ ಬಂದೋರು ನಮ್ಮನ್ನ ನೋಡಿದ್ರಿ, ಹೋಗಬೌದು. ಅವ್ನಿಗಾಗಿ ಬಂದೋರು ಮುಂದ ಬರ್ರಿ."

ಗುಂಪು ಜೇನುಗೂಡಿನ ಹಾಗೆ ಗುಂಯ್ಗುಟ್ಟಿತು. ಊರ ಬಾಗಿಲ ತನಕ ಬಂದಿದ್ದ ನಾಯಕರ ಕಾರುಗಳು ಅಲ್ಲಿಂದಲೇ ಹಿಂದೆ ತಿರುಗಿದವು. ಕ್ಯಾಮೆರಾ ಹಿಡಿದವರು ಅವುಗಳ ಹಿಂದೆ ಓಡಿದರು. ಬಿಳಿ ಅಂಗಿಯವರು ಮೇಜರರ ಕೈ ಕುಲುಕಿ, ನೂರು ವರ್ಷ ಬಾಳ್ರಿ ಎಂದು ಹೇಳಿ, ಬೈಕು ಹತ್ತಿದರು. ಬೆನ್ನು ತೋರಿಸಿ ಹೋಗುತ್ತಿದ್ದವರನ್ನು ಸುನಂದಾ ನೋಡುತ್ತಲೇ ನಿಂತಳು. ಹತ್ತು ಮಂದಿ ಸಾಕು ಅಂದದ್ದು ಬಾಯಿಮಾತು. ಒಬ್ಬೊಬ್ಬರು ಹೋದ ಹಾಗೂ ಎದೆಯಲ್ಲಿ ಏನೋ ಕುಸಿಯುತ್ತಿತ್ತು.

ಆಗ ಫಕೀರಬಿ ಮೊಣಕೈಯಿಂದ ಜನರನ್ನು ತಳ್ಳಿಕೊಂಡು ಮುಂದೆ ಬಂದಳು.

"ಎಲ್ಲೈತ್ರವ್ವಾ ಅವನ ಮಾರಿ? ಈ ಪರದೆ ಹಿಂದ ಯಾಕ ಮುಚ್ಚಿಟ್ಟೀರಿ?" ಎಂದು ಬ್ಯಾನರಿನ ತುದಿ ಹಿಡಿದು ಜಗ್ಗಿದಳು. ಸುನಂದಾ ಮೇಲಿನಿಂದ ಹಗ್ಗ ಕತ್ತರಿಸಿದಳು. ಬ್ಯಾನರು ಮಡಿಚಿಕೊಂಡು ಬಿತ್ತು.

ಹೂವಿನ ನಡುವೆ ಸುಬೇದಾರರು ಕೂತಿದ್ದರು. ಹಣೆಗೆ ವಿಭೂತಿ. ಕೂದಲನ್ನು ಒಪ್ಪವಾಗಿ ಬಾಚಿದ್ದರು.

"ಇವನ!" ಎಂದು ಫಕೀರಬಿ ಜನರ ಕಡೆ ತಿರುಗಿ ಕೂಗಿದಳು. "ಹರಗೋಲಿನ ಹುಸೇನಪ್ಪ! ನನ್ನ ರಟ್ಟಿ ಹಿಡಿದು ನೀರಾಗಿಂದ ಎಳೆದಾಂವ ಇವನ! ಸಿರುಗುಪ್ಪದೋರ, ನೀವು ಅವತ್ತು ಹಗ್ಗ ಹಿಡದಿದ್ರಿ, ಗುರ್ತು ಸಿಗವಲ್ದೇನು?"

ಟೆಂಪೊದಲ್ಲಿ ಬಂದ ರೈತರು ಒಬ್ಬರ ಮುಖ ಒಬ್ಬರು ನೋಡಿದರು. ಹೊರಡಲೆಂದು ಎಂಜಿನ್ ಚಾಲೂ ಮಾಡಿದ್ದ ಡ್ರೈವರು ಅದನ್ನು ಆರಿಸಿದ. ತಹಸೀಲ್ದಾರರ ಮಣ್ಣಿಗೆಂದು ಬಂದವರು ಒಬ್ಬೊಬ್ಬರಾಗಿ ಟ್ರಾಕ್ಟರಿನ ಹತ್ತಿರ ಬಂದು ಚಪ್ಪಲಿ ಕಳಚಿದರು. ಮಾಜಿ ಸೈನಿಕರಲ್ಲಿ ಒಬ್ಬರೂ ಹೋಗಿರಲಿಲ್ಲ. ಅವರು ಸಾಲಾಗಿ ನಿಂತು ಕೈ ಎತ್ತಿ ಸೆಲ್ಯೂಟ್ ಹೊಡೆದರು. ಅಷ್ಟರಲ್ಲಿ ಹಾರ್ನಿನ ಸದ್ದು. ಹಳದಿ ವ್ಯಾನು ಬಂದು ನಿಂತಿತು. ಯೂನಿಫಾರ್ಮಿನ ಮಕ್ಕಳು ತಳ್ಳಾಡುತ್ತ ಇಳಿದರು. ಇಳಿದವರು, ಹಾಗೆ ಮಾಡಿ ರೂಢಿಯಾಗಿದ್ದರಿಂದ, ಯಾರೂ ಹೇಳದೆಯೇ ಎರಡು ಸಾಲಾಗಿ ನಿಂತರು.

ಗವಿಸಿದ್ದೇಶ್ ಟ್ರಾಕ್ಟರಿನ ಗಾಲಿಗೆ ಒರಗಿ ಮುಖ ಮುಚ್ಚಿಕೊಂಡು ಅಳುತ್ತಿದ್ದ. ಸುನಂದಾ ಇಳಿದು ಬಂದು ಅವನ ತಲೆಯ ಮೇಲೆ ಕೈ ಇಟ್ಟಳು. "ಏಳು. ಹಲಗಿಯವ್ರಿಗೆ ಹೇಳು, ಜೋರು ಬಡೀರಿ ಅಂತ."

ಬಡಿದರು. ಗುಡ್ಡಕ್ಕೆ ಹೊಡೆದು ಸದ್ದು ಹಿಂದಿರುಗಿ ಬರುವ ಹಾಗೆ ಬಡಿದರು. ಮಕ್ಕಳು ಮುಂದೆ, ಮೇಜರ್ ಒಂದು ಕಡೆ, ತಹಸೀಲ್ದಾರರು ಇನ್ನೊಂದು ಕಡೆ. ಅಂಗಡಿಯವರು ಬಾಗಿಲು ಎಳೆದುಕೊಂಡು ಜೊತೆಗೆ ಬಂದರು. ಟ್ರಾಕ್ಟರು ಹೊಲದ ದಾರಿ ಹಿಡಿಯುವ ಹೊತ್ತಿಗೆ ಬೆಳಿಗ್ಗೆಗಿಂತ ಹೆಚ್ಚು ಜನ ಕೂಡಿದ್ದರೋ ಕಡಿಮೆ ಇದ್ದರೋ, ಸುನಂದಾ ಹಿಂದೆ ತಿರುಗಿ ನೋಡಲಿಲ್ಲ.

ಹೊಲದ ಬದುವಿನ ಹತ್ತಿರ ಗುಂಡಿ ತೆಗೆದಿತ್ತು. ಇಳಿಸಿದ ಮೇಲೆ ಮಣ್ಣು ಕೊಡಲು ಮೊದಲು ಈರಮ್ಮನನ್ನು ಕರೆತಂದರು. ಬೆಳಗಿನಿಂದ ಅವಳು ಬಾಯಿ ಬಿಟ್ಟಿರಲಿಲ್ಲ. ಗದ್ದಲಕ್ಕೂ ಹೊರಗೆ ಬಂದಿರಲಿಲ್ಲ. ಗುಂಡಿಯ ಅಂಚಿನಲ್ಲಿ ಮೊಣಕಾಲೂರಿ, ಒಂದು ಮುಷ್ಟಿ ಕರಿಮಣ್ಣು ಹಿಡಿದು, ಕೆಳಗೆ ನೋಡುತ್ತ ಕೂತಳು.

"ಹಾಕವ್ವಾ," ಅಂದರು ಯಾರೋ ಹಿರಿಯರು. ಅವಳು ಹಾಕಲಿಲ್ಲ.

ಗಂಡನನ್ನು ಹೆಸರು ಹಿಡಿದು ಕರೆಯುವ ರೂಢಿ ಅವಳ ಕಡೆ ಇರಲಿಲ್ಲ. ರಜೆ ಮುಗಿದು ಹೊರಟಾಗ ಬಾಗಿಲಲ್ಲಿ ನಿಂತು 'ಏನ್ರೀ' ಅಂದಿದ್ದಳು, ಅಷ್ಟೇ. ಈಗ ಅವಳ ತುಟಿಗಳು ಸದ್ದಿಲ್ಲದೆ ಒಮ್ಮೆ ಆಡಿದವು. ಆಮೇಲೆ ಗುಂಡಿಯೊಳಗೆ ಬಗ್ಗಿ, ಮನೆಯ ಹಿತ್ತಲಿನಲ್ಲಿ ಇರುವವರನ್ನು ಊಟಕ್ಕೆ ಕರೆಯುವ ಹಾಗೆ, ದೊಡ್ಡ ದನಿಯಲ್ಲಿ ಕೂಗಿದಳು.

"ಹುಸೇನಪ್ಪಾ!"

"ಓ," ಅಂದರು ಗುಂಡಿಯ ಆ ಕಡೆಯಿಂದ ಮೇಜರ್, ಈ ಕಡೆಯಿಂದ ತಹಸೀಲ್ದಾರರು, ಇಬ್ಬರೂ ಒಟ್ಟಿಗೇ.